ಸಿಪಾಯಿಗಳ ನಡಿಗೆ

ಮಟ್ಟಾಂಚೇರಿಯ ಬ್ಯಾಂಕಿನಲ್ಲಿ ಜವಾನನಾಗಿದ್ದ ರಾಮದಾಸ ಕಾಸರಗೋಡಿನವನು. ಮೊದಲು ಹನ್ನೆರಡು ವರ್ಷ ಟೂರಿಂಗ್ ಟಾಕೀಸಿನಲ್ಲಿ ಪ್ರೊಜೆಕ್ಟರ್ ನಡೆಸಿದ್ದರಿಂದ, ಬ್ಯಾಂಕಿನ ವಾರ್ಷಿಕೋತ್ಸವಕ್ಕೆ ಸಿನಿಮಾ ತೋರಿಸುವ ಕೆಲಸ ಅವನದೇ.

೧೯೬೮ರಲ್ಲಿ ಮ್ಯಾನೇಜರ್ ಶ್ರೀಕಂಠಯ್ಯನವರು ತಿರುವನಂತಪುರದ ಫಿಲ್ಮ್ ಸೊಸೈಟಿಯಿಂದ ಒಂದು ಮೂಕಿ ಚಿತ್ರ ತರಿಸಿದರು. ವಿಕ್ಟೋರಿಯಾ ರಾಣಿಯ ಕೊನೆಗಾಲದಲ್ಲಿ ಯಾರೋ ತೆಗೆದದ್ದು. ಸಿಪಾಯಿಗಳು ಸಾಲಾಗಿ ಬಂದು ಹಡಗು ಹತ್ತುತ್ತಾರೆ, ಅಷ್ಟೇ. ಆದರೆ ಮ್ಯಾನೇಜರರ ತಾಯಿ ರತ್ನಮ್ಮ ಎಲ್ಲರಿಗಿಂತ ಮೊದಲೇ ಬಂದು ಮುಂದಿನ ಕುರ್ಚಿಯಲ್ಲಿ ಕೂತಿದ್ದರು. ರತ್ನಮ್ಮ ತಾಯಿಯ ಹೊಟ್ಟೆಯಲ್ಲಿದ್ದಾಗ ಅವರ ಅಪ್ಪ ಬೆಂಗಳೂರಿನ ದಂಡಿನ ಜೊತೆ ಅಂಥದೇ ಹಡಗು ಹತ್ತಿ ಹೋದವರು, ತಿರುಗಿ ಬರಲಿಲ್ಲ. ಮನೆಯಲ್ಲಿ ಅಪ್ಪನದೊಂದು ಫೋಟೋ ಕೂಡ ಇರಲಿಲ್ಲ.

ಪ್ರೊಜೆಕ್ಟರಿನ ಮೋಟಾರು ತಿರುಗಿದ್ದೇ ತಡ, ಸಿಪಾಯಿಗಳು ಕಾಳು ಕಂಡ ಕೋಳಿಗಳಂತೆ ಓಡತೊಡಗಿದರು. ಜನ ಬಿದ್ದು ಬಿದ್ದು ನಕ್ಕರು. ರತ್ನಮ್ಮ ಸೆರಗು ಹೊದ್ದು ಎದ್ದುಹೋದರು.

ರಾಮದಾಸನಿಗೆ ಅನ್ನ ಸೇರಲಿಲ್ಲ. ಆ ಕಾಲದ ಕ್ಯಾಮೆರಾವನ್ನು ಕೈಯಲ್ಲಿ, ನಿಧಾನವಾಗಿ ತಿರುಗಿಸುತ್ತಿದ್ದರು. ತಾನು ಅದನ್ನು ಮಾತಿನ ಚಿತ್ರದ ಹೆಚ್ಚಿನ ವೇಗದಲ್ಲಿ ಓಡಿಸಿದ್ದ. ಮರುದಿನ ಸಂಜೆಯ ರೈಲಿಗೆ ರೀಲು ತಿರುವನಂತಪುರಕ್ಕೆ ಹೋಗಬೇಕಿತ್ತು.

ಬೆಳಗ್ಗೆ ಅವನು ಮೋಟಾರಿನ ಬೆಲ್ಟು ಬಿಚ್ಚಿ, ಕೈಯಿಂದ ತಿರುಗಿಸುವ ಹಿಡಿಕೆ ಸಿಕ್ಕಿಸಿದ. ನಿಧಾನವಾಗಿ ಸಾಗುವ ರೀಲು ಶಾಖಕ್ಕೆ ಸುಡದಿರಲೆಂದು ದೀಪ ಮಂಕು ಮಾಡಿದ. ಎಷ್ಟು ವೇಗದಲ್ಲಿ ತಿರುಗಿಸಬೇಕೆಂದು ಮಾತ್ರ ತಿಳಿಯಲಿಲ್ಲ. ಕೊನೆಗೆ ಸೈನ್ಯದಿಂದ ನಿವೃತ್ತನಾಗಿದ್ದ ಕಾವಲುಗಾರ, ಎಲ್ಲರೂ 'ಚೇಟ್ಟ', ಅಂದರೆ ಅಣ್ಣ, ಎನ್ನುತ್ತಿದ್ದ ಅಚ್ಯುತನನ್ನು ಕರೆದು ಜಗಲಿಯಲ್ಲಿ ಕವಾಯತು ಮಾಡಲು ಕೇಳಿಕೊಂಡ.

"ನಿನ್ನೆ ಆ ಸಿಪಾಯಿಗಳನ್ನು ನಾಯಿ ಅಟ್ಟಿದ ಹಾಗೆ ಓಡಿಸಿದೆ, ಇವತ್ತು ನನ್ನನ್ನು ಓಡಿಸುತ್ತೀಯೋ?" ಎಂದು ಚೇಟ್ಟ ಮಲಯಾಳದಲ್ಲಿ ಕೆಣಕಿದ. ಆದರೂ ಬೂಟು ಕಟ್ಟಿ ನಡೆದ. ರಾಮದಾಸ ಕಣ್ಣು ಮುಚ್ಚಿ, ಆ ಬೂಟಿನ ಸದ್ದಿಗೆ ಸರಿಯಾಗಿ ರೀಲು ಹಾಕದೆ ಹಿಡಿಕೆ ತಿರುಗಿಸುತ್ತ ಕೈಗೆ ಪಾಠ ಮಾಡಿದ.

ಮ್ಯಾನೇಜರರ ಮನೆಗೆ ಹೋಗಿ, ಇನ್ನೊಮ್ಮೆ ನೋಡಲು ಬನ್ನಿ ಎಂದು ಕರೆದರೆ ರತ್ನಮ್ಮ ಒಪ್ಪಲಿಲ್ಲ. "ಬೇಡಪ್ಪ. ಜನ ನಕ್ಕಿದ್ದು ಸಾಕು."

"ತಪ್ಪಾದದ್ದು ನನ್ನಿಂದ ಅಮ್ಮ. ಅವರು ಸರಿಯಾಗಿಯೇ ನಡೆದಿದ್ದಾರೆ," ಎಂದ ರಾಮದಾಸ. ರತ್ನಮ್ಮ ಚಪ್ಪಲಿ ಮೆಟ್ಟಿ ಅವನ ಹಿಂದೆ ಹೊರಟರು.

ಬ್ಯಾಂಕಿನಲ್ಲಿ ಕಿಟಕಿ ಮುಚ್ಚಿದ ಕೋಣೆಯೊಂದರ ಗೋಡೆಯ ಮೇಲೆ, ಟವೆಲಿನಷ್ಟಗಲದ ಮಬ್ಬು ಬೆಳಕಿನಲ್ಲಿ ಸಿಪಾಯಿಗಳು ನಡೆದು ಬಂದರು. ಭಾರ ಹೊತ್ತ ಮನುಷ್ಯರ ನಡಿಗೆ. ಏಣಿಯ ಬಳಿ ಒಬ್ಬ ನಿಂತು, ಹಿಂದೆ ತಿರುಗಿ ನೋಡಿ, ಹತ್ತಿದ. ಮುಖ ಸ್ಪಷ್ಟವಿರಲಿಲ್ಲ.

ರತ್ನಮ್ಮ ಗೋಡೆಯ ಕಡೆಗೆ ಬಾಗಿದರು. "ಅಪ್ಪನೇನಾ ಅಂತ ನಂಗೆ ಹೇಗ್ ಗೊತ್ತಾಗ್ಬೇಕು? ಹೀಗೇ ನಡೆದು ಹೋಗಿರ್ತಾರೆ, ಅಲ್ವಾ?" ಎಂದರು. ಆಮೇಲೆ, "ಇನ್ನೊಂದ್ಸಲ ಆಗುತ್ತಾ?"

ರಾಮದಾಸ ಐದು ಸಲ ತೋರಿಸಿದ. ಸಂಜೆ ಬಲಗೈ ಮೇಲೇಳಲಿಲ್ಲ. ರೀಲಿನ ಡಬ್ಬಿಯನ್ನು ಎಡಗೈಯಲ್ಲೇ ಅವುಚಿಕೊಂಡು ಸ್ಟೇಷನ್ನಿಗೆ ಹೊರಟ.