ಬಿಗಿದರೂ ತಗ್ಗುವ ಹೊರಸು

ದೆವ್ವದ ಮಾತೆತ್ತಿದವರನ್ನು ಗೇಲಿ ಮಾಡುತ್ತಲೇ ಅರ್ಧ ಆಯುಷ್ಯ ಕಳೆದವನು ನಾನು. ಈಗಲೂ ನಂಬುತ್ತೇನೆಂದು ಹೇಳಲಾರೆ. ಗೇಲಿ ಮಾಡುವುದನ್ನು ಮಾತ್ರ ಬಿಟ್ಟಿದ್ದೇನೆ.

ಎಪ್ಪತ್ತರ ದಶಕದ ಕೊನೆಗೆ ಕಮತಗಿಯಲ್ಲಿ ಶಾಲಾ ಮಾಸ್ತರನಾಗಿದ್ದೆ. ಹೆಂಡತಿ ಇಲ್ಲ, ಮಕ್ಕಳಿಲ್ಲ. ಹಾಳೂರಿಗೆ ಉಳಿದವನೇ ಗೌಡ ಎಂಬಂತೆ ಬಾಡಿಗೆ ಮನೆಯಲ್ಲಿ ನಾನೊಬ್ಬನೇ. ಹೊತ್ತು ಹೋಗದೆ, ಜನ ಎಸೆದ ಮುರುಕು ಕುರ್ಚಿ, ತೂತುಬಿದ್ದ ಕಂದೀಲು ತಂದು ರಿಪೇರಿ ಮಾಡುತ್ತಿದ್ದೆ. ಊರವರು ‘ಮೋಡಕಾ ಮಾಸ್ತರ’, ಗುಜರಿ ಮಾಸ್ತರ ಎಂದು ಆಡಿಕೊಂಡರೂ ನನಗೆ ಬೇಸರವಿರಲಿಲ್ಲ.

ಒಮ್ಮೆ ಬೇವೂರಿನ ದಾರಿಯಲ್ಲಿ, ಹುಣಸೆಮರದ ಕೆಳಗೆ ಒಂದು ಹೊರಸು, ಹಗ್ಗ ಹೆಣೆದ ಮಂಚ, ಕಂಡಿತು. ಹಗ್ಗ ಲಡ್ಡಾಗಿ ಮುಟ್ಟಿದರೆ ಹರಿಯುವಂತಿತ್ತು, ಕಾಲು ಗಟ್ಟಿಯಿದ್ದವು. ಸತ್ತವರ ಹೊರಸನ್ನು ಊರ ಹೊರಗೆ ಬಿಡುವುದು ನಮ್ಮ ಕಡೆಯ ರೂಢಿ. ಗೊತ್ತಿದ್ದೂ ತಂದೆ. ಪುಂಡಿನಾರಿನ ಹೊಸ ಹಗ್ಗ ಹೆಣೆದು, ಬೆರಳಿಂದ ಬಾರಿಸಿದರೆ ಸಪ್ಪಳ ಬರುವಂತೆ ಬಿಗಿದು, ಬಂದವರಿಗಿರಲಿ ಎಂದು ಪಡಸಾಲೆಯಲ್ಲಿ ಹಾಕಿದೆ. ಬರುವವರು ಯಾರಿದ್ದರು?

ಮರುದಿನ ಬೆಳಗ್ಗೆ ಹಗ್ಗ ಒಂದು ಮಗ್ಗುಲಿಗೆ ತಗ್ಗಿತ್ತು, ಯಾರೋ ಮೊಣಕಾಲು ಮಡಚಿ ಮಲಗಿ ಎದ್ದುಹೋದಂತೆ. ಹೊಸ ಹಗ್ಗ ಜೋಲುವುದು ಸಹಜವೆಂದು ಮತ್ತೆ ಬಿಗಿದೆ. ಮತ್ತೆ ಅದೇ ಮಗ್ಗುಲು, ಅದೇ ತಗ್ಗು. ಹೆದರಿಕೆಯಾಯಿತು, ಸುಳ್ಳೇಕೆ ಹೇಳಲಿ.

ಹಾಲು ಕೊಡಲು ಬಂದ ಗಂಗವ್ವ ಹೊರಸು ಕಂಡು ಬಾಗಿಲಲ್ಲೇ ನಿಂತಳು. ನಾನು ಊರಿಗೆ ಬರುವ ಮೊದಲೇ ಕೆಮ್ಮಿ ಕೆಮ್ಮಿ ಸತ್ತ ಅವಳ ಮಗನದಂತೆ ಅದು. ಮೆಲ್ಲಗೆ ಬಂದು ತಗ್ಗಿನಲ್ಲಿ ಕೈಯಿಟ್ಟಳು.

“ಹಿಂಗ ಮಡಚ್ಕೊಂಡ ಮಲಗ್ತಿದ್ದ ರೀ. ಸಣ್ಣ ಹುಡುಗ್ರಿಗೆ ಜಡ್ಡ ಹತ್ತತೈತಿ ಅಂತ ದನದ ಕೊಟ್ಟಿಗಿಯೊಳಗ ಇಟ್ಟಿದ್ದೆ. ‘ಯವ್ವಾ, ಒಂದೀಟ ಬಾಜೂಕ ಕುಂದರ ಬಾ’ ಅಂತಿದ್ದ. ನಾ ಕುಂದರಲಿಲ್ಲ. ಮಾಸ್ತರ, ಇನ್ನ ಬಿಗೀಬ್ಯಾಡ್ರಿ.”

ಬಿಗಿಯಲಿಲ್ಲ. ಅಂದಿನಿಂದ ಸಂಜೆಯಾದರೆ ಅವಳು ಬಂದು ಹೊರಸಿನ ಪಕ್ಕ ನೆಲದ ಮೇಲೆ ಕೂತು ಹೋಗುತ್ತಿದ್ದಳು. ನಾನು ಒಳಗೆ ಚಹಾ ಕಾಸುತ್ತಿದ್ದೆ. ನಗಬೇಡಿ, ಆ ಮನೆಯಲ್ಲಿ ನಾನೊಬ್ಬನೇ ಅಲ್ಲ ಎನಿಸಿದ್ದು ಆ ದಿನಗಳಲ್ಲಿ ಮಾತ್ರ.

ಬೇಸಿಗೆಯಲ್ಲಿ ಗಂಗವ್ವ ತೀರಿಕೊಂಡಳು. ಮಣ್ಣು ಮಾಡಿ ಬಂದು ಬೀಗ ತೆಗೆದು ನೋಡಿದರೆ ಹೊರಸಿನ ತಗ್ಗು ಇರಲಿಲ್ಲ. ಬೆರಳಿಂದ ಬಾರಿಸಿದೆ. ಮೊದಲು ಬಿಗಿದ ದಿನದ ಅದೇ ಸಪ್ಪಳ ಬಂತು.

ಹಗ್ಗ ತಾನಾಗಿ ಜೋಲುತ್ತದೆ, ಒಪ್ಪುತ್ತೇನೆ. ತೇವಕ್ಕೆ ಬಿಗಿಯಿತೆನ್ನೋಣವೆಂದರೆ ಅದು ನೆಲ ಸುಡುವ ಬಿಸಿಲುಗಾಲ. ಇಷ್ಟು ವರ್ಷವಾದರೂ ನನಗೆ ತಿಳಿದಿಲ್ಲ. ವರ್ಗವಾದ ಊರಿಗೆಲ್ಲ ಆ ಹೊರಸು ಹೊತ್ತು ತಿರುಗಿದೆ. ಅದರ ಮೇಲೆ ನಾನು ಮಲಗಲಿಲ್ಲ. ಇವತ್ತಿಗೂ ಎದ್ದ ಕೂಡಲೇ ಪಡಸಾಲೆಗೆ ಹೋಗಿ ಹಗ್ಗದ ಮೇಲೆ ಕೈಯಾಡಿಸುತ್ತೇನೆ. ಬಿಗಿಯಾಗಿಯೇ ಇರುತ್ತದೆ.