ಹೆಡ್‌ಮಾಸ್ತರರು ಬಡಿಸಿದ ಪಲಾವ್

ಕಳೆದ ಏಪ್ರಿಲ್ ತಿಂಗಳ ಎರಡನೆಯ ಭಾನುವಾರ ಮಧ್ಯಾಹ್ನ ಹನ್ನೆರಡರ ಸುಮಾರಿಗೆ, ಟೋಕಿಯೋ ಪಕ್ಕದ ಗ್ಯೋಟೋಕುವಿನ ನಮ್ಮ ಅಪಾರ್ಟ್‌ಮೆಂಟಿನ ಮೂರನೆಯ ಮಹಡಿಯಿಂದ ಪಲಾವಿನ ವಾಸನೆ ಬಂತು. ವಾಸನೆಗೂ ತಾರೀಕು, ಹೊತ್ತು ಹಾಕುವುದು ನನ್ನ ಹಳೆಯ ಚಟ. ಬೆಂಗಳೂರಿನ ಪತ್ರಿಕೆಯೊಂದರ ಡೆಸ್ಕಿನಲ್ಲಿ ಹದಿನಾಲ್ಕು ವರ್ಷ ಕೂತವಳಿಗೆ ಅದು ಅಷ್ಟು ಸುಲಭಕ್ಕೆ ಬಿಟ್ಟುಹೋಗುವುದಿಲ್ಲ. ಭಾನುವಾರ ಪಲಾವ್ ಬೇಯುವುದು ನಮ್ಮ ಕಟ್ಟಡದಲ್ಲಿ ಸುದ್ದಿಯೇನಲ್ಲ, ಅರ್ಧಕ್ಕರ್ಧ ನಮ್ಮ ಕಡೆಯವರೇ ಇದ್ದಾರೆ. ಆದರೆ ಇದು ನಮ್ಮ ಚಕ್ಕೆ-ಲವಂಗದ ವಾಸನೆಯಲ್ಲ. ಕುರಿಯ ಕೊಬ್ಬು, ಕ್ಯಾರೆಟ್, ಇಡೀ ಜೀರಿಗೆ. ಬರುತ್ತಿದ್ದದ್ದು ಹಾಲಿಮಾ ಖೋಲಾ ಅವರ ಮನೆಯಿಂದ. ಅವರು ಉಜ್ಬೆಕಿಸ್ತಾನದವರು, ಖೋಲಾ ಅಂದರೆ ಅವರಲ್ಲಿ ಚಿಕ್ಕಮ್ಮ. ಉಜ್ಬೆಕಿಸ್ತಾನದವರಾಗಿಯೂ ಮೂರು ವರ್ಷಗಳಲ್ಲಿ ಅವರು ಒಮ್ಮೆಯೂ ಪಲಾವ್ ಮಾಡಿರಲಿಲ್ಲ. ಹಾಗಾಗಿ ಇದು ಸುದ್ದಿ.

ನನಗೆ ಅವರ ಪರಿಚಯವಾದದ್ದು ಇಲ್ಲಿನ ಸಮುದಾಯ ಭವನದಲ್ಲಿ, ವಿದೇಶಿಯರಿಗೆ ಬುಧವಾರ ನಡೆಯುವ ಜಪಾನಿ ತರಗತಿಯಲ್ಲಿ. ಗಂಡನ ಕಂಪನಿ ಅವರನ್ನು ಟೋಕಿಯೋಗೆ ಕಳಿಸಿತ್ತು, ನಾನು ಕೆಲಸ ಬಿಟ್ಟು ಜೊತೆಗೆ ಬಂದಿದ್ದೆ. ಖೋಲಾ ಮಗಳ ಜೊತೆ ಬಂದಿದ್ದರು. ಮಗಳು ನಿಗೋರಾ ವಾಕೋ ಎಂಬ ಊರಿನ ವಿಜ್ಞಾನ ಸಂಸ್ಥೆಯಲ್ಲಿ ಸಂಶೋಧಕಿ. ತರಗತಿಯ ಕಟ್ಟಕಡೆಯ ಇಬ್ಬರು ವಿದ್ಯಾರ್ಥಿಗಳಾದ ನಾವು ಹಿಂದಿನ ಸಾಲಿನಲ್ಲಿ ಜೊತೆಯಾಗಿ ಕೂರುತ್ತಿದ್ದೆವು. ಒಂದು ದಿನ ಪಾಠ ಹೇಳುವ ಮೊರಿತಾ ಸಾನ್ ಎಲ್ಲರಿಗೂ ತಂತಮ್ಮ ಕುಟುಂಬದ ಬಗ್ಗೆ ಹೇಳಲು ಕೇಳಿದರು. ಖೋಲಾ ಎದ್ದು ನಿಂತು, ತಾಯಿ ತೀರಿಕೊಂಡರು, ತಂದೆ ಇಲ್ಲ ಎಂದರು. ತಂದೆಗೂ ತೀರಿಕೊಂಡರು ಎಂದೇ ಹೇಳಿ ಎಂದು ಮೊರಿತಾ ಸಾನ್ ಮೆಲ್ಲಗೆ ತಿದ್ದಿದರು. ಖೋಲಾ ತಲೆಯಾಡಿಸಿ, "ಇಲ್ಲ ಅಷ್ಟೇ" ಎಂದು ಕೂತುಬಿಟ್ಟರು.

ನೆರೆಹೊರೆ ಎಂದಮೇಲೆ ಏನಾದರೂ ಕೊಡಬೇಕಲ್ಲ. ನಾನು ತರಕಾರಿ ಪಲಾವ್ ಮಾಡಿ ಡಬ್ಬಿಯಲ್ಲಿ ಒಯ್ದೆ. ಖೋಲಾ ಮುಚ್ಚಳ ತೆಗೆದು ನೋಡಿ, ಮತ್ತೆ ಮುಚ್ಚಿ, ಡಬ್ಬಿಯನ್ನು ಮೇಜಿನ ತುದಿಗೆ ಸರಿಸಿದರು. ಉಪ್ಪು ಜಾಸ್ತಿಯಾದದ್ದು ಮೂಸಿದರೇ ಗೊತ್ತಾಗುತ್ತದೇನೋ ಎಂದು ನಾನು ಮುಖ ಸಣ್ಣ ಮಾಡಿಕೊಂಡೆ. ಬಾಗಿಲವರೆಗೆ ಬಂದ ನಿಗೋರಾ, "ಬೇಜಾರಾಗಬೇಡಿ, ಅಮ್ಮ ಯಾರ ಕೈಯ ಪಲಾವನ್ನೂ ತಿನ್ನಲ್ಲ" ಎಂದಳು. ನಾವಿಬ್ಬರೂ ಆಡುವುದು ಇಂಗ್ಲಿಷು, ಕನ್ನಡ ನನ್ನದು.

ಕಾರಣ ತಿಳಿಯಲು ಎರಡು ವರ್ಷ ಬೇಕಾಯಿತು. ಈ ಸಲದ ರಂಜಾನ್ ಮುಗಿದ ಮರುವಾರ, ಹಾಲಿಲ್ಲದ ಹಸಿರು ಚಹಾ ಕುಡಿಯುತ್ತ ಖೋಲಾ ತಾವಾಗಿಯೇ ಹೇಳತೊಡಗಿದರು. ನಿಗೋರಾ ಅನುವಾದಿಸಿದಳು.

ಅದು ಫರ್ಗಾನಾ ಕಣಿವೆಯ ಹಳ್ಳಿ, ಸೋವಿಯತ್ ಕಾಲ, ಅರವತ್ತರ ದಶಕದ ಆರಂಭ. ಊರಿನ ಮಸೀದಿ ಹತ್ತಿಯ ಗೋದಾಮಾಗಿತ್ತು. ಲಿಪಿ ಎರಡು ಸಲ ಬದಲಾಗಿ, ಅಜ್ಜಿ ಬರೆದಿಟ್ಟದ್ದನ್ನು ಮೊಮ್ಮಗಳು ಓದುವಂತಿರಲಿಲ್ಲ. ಖೋಲಾ ಅವರ ತಂದೆ ಶಾಲೆಯ ಹೆಡ್‌ಮಾಸ್ತರರು, ಕಮ್ಯುನಿಸ್ಟ್ ಪಕ್ಷದ ಸದಸ್ಯರು. ರಂಜಾನ್ ತಿಂಗಳಲ್ಲಿ ಶಾಲೆಯ ವರಾಂಡದಲ್ಲಿ ಒಂದು ಬಕೆಟ್ ನೀರು, ಒಂದು ಸೌಟು ಇಡಿಸುತ್ತಿದ್ದರು. ಯಾವ ಮಗುವೂ ಉಪವಾಸವಿಲ್ಲ ಎಂದು ಖಾತ್ರಿಯಾಗಲು ಪ್ರತಿಯೊಬ್ಬರೂ ಒಂದು ಗುಟುಕು ಕುಡಿದೇ ಒಳಗೆ ಹೋಗಬೇಕು. ಮನೆಯಲ್ಲಿ ಅದೇ ಹೆಡ್‌ಮಾಸ್ತರರ ತಾಯಿ ರಂಜಾನಿನ ಉಪವಾಸ ಮಾಡುತ್ತಿದ್ದರು. ಅದನ್ನು ಯಾರೂ ನೋಡುತ್ತಿರಲಿಲ್ಲ.

ಖೋಲಾಗೆ ಒಂಬತ್ತು ವರ್ಷವಾಗಿದ್ದಾಗ ತಾಯಿ ತೀರಿಕೊಂಡರು. ಅದೇ ದಿನ ಜಿಲ್ಲೆಯಿಂದ ಪಕ್ಷದ ಅಧಿಕಾರಿಯೊಬ್ಬ ಬಂದ. ಮನೆಯಲ್ಲಿ ಅಪ್ಪ ಕಾಣದೆ ಹುಡುಗಿ ಶಾಲೆಗೆ ಓಡಿದಳು. ಕಿಟಕಿಯಲ್ಲಿ ಇಣುಕಿದರೆ ಅಪ್ಪ ಆ ಅಧಿಕಾರಿಯ ತಟ್ಟೆಗೆ ಪಲಾವ್ ಬಡಿಸುತ್ತಿದ್ದಾರೆ, ಮಾಂಸದ ದೊಡ್ಡ ತುಂಡನ್ನು ಹುಡುಕಿ ಹಾಕುತ್ತಿದ್ದಾರೆ, ಜೋರಾಗಿ ನಗುತ್ತಿದ್ದಾರೆ. ಅವಳು ವಾಪಸ್ ಬರುವಷ್ಟರಲ್ಲಿ ಗಂಡಸರು ಹೆಣವನ್ನು ಹೊತ್ತುಕೊಂಡು ಹೋಗಿದ್ದರು.

"ಅಮ್ಮನನ್ನು ನಮಾಜಿಲ್ಲದೆ ಮಣ್ಣಿಗೆ ಹಾಕಿದರು" ಎಂದರು ಖೋಲಾ. "ಅಪ್ಪ ಊಟ ಮಾಡುತ್ತಿದ್ದರು." ಅಂದಿನಿಂದ ಅಪ್ಪನ ಜೊತೆ ಬೇಕಾದಷ್ಟೇ ಮಾತು. ಅವರು ಸತ್ತ ಮೇಲೆ ಒಮ್ಮೆಯೂ ಸಮಾಧಿಯ ಹತ್ತಿರ ಹೋಗಿಲ್ಲ. ಇನ್ನೊಂದು ತಿಂಗಳಲ್ಲಿ ಖೋಲಾ ಊರಿಗೆ ಹೊರಟಿದ್ದರು, ಪ್ರಾಯಶಃ ಕೊನೆಯ ಸಲ. ಈ ಸಲವಾದರೂ ಅಜ್ಜನ ಸಮಾಧಿಗೆ ಹೋಗು ಎಂದು ನಿಗೋರಾ ಬೇಡುತ್ತಿದ್ದಳು. ಖೋಲಾ ಒಪ್ಪಿರಲಿಲ್ಲ.

ಇಂಥಾ ಹೊತ್ತಿನಲ್ಲಿ ಒಳ್ಳೆಯ ಹೆಂಗಸರು ಕೈ ಹಿಡಿದುಕೊಳ್ಳುತ್ತಾರೆ. ನಾನು ಕೇಳಿದ್ದು: "ನಮಾಜು ಆಗಲಿಲ್ಲ ಅನ್ನೋದಕ್ಕೆ ನೋಡಿದವರು ಬೇರೆ ಯಾರಾದರೂ ಇದ್ದಾರಾ?"

ಮನೆಗೆ ಬಂದು ಇದನ್ನು ಹೇಳಿದರೆ ಗಂಡ ತಟ್ಟೆಯಿಂದ ತಲೆಯೆತ್ತಿದರು. "ಏನೇ ನೀನು! ಎಪ್ಪತ್ತು ದಾಟಿದ ಅಜ್ಜಿ ಅಳ್ತಾ ಕೂತಿದ್ರೆ, ನಿಂಗೆ ಕ್ರಾಸ್ ಚೆಕ್ ಮಾಡ್ಬೇಕಾ?"

"ಅವರು ಅಳ್ಲಿಲ್ಲ ಕಣ್ರೀ."

"ಅದನ್ನೂ ವೆರಿಫೈ ಮಾಡ್ಕೊಂಡ್ ಬಂದ್ಯಾ?"

ನಾಚಿಕೆಯಾಯಿತು. ಆದರೆ ಆ ಪ್ರಶ್ನೆಯನ್ನು ನಿಗೋರಾ ಬಿಟ್ಟಿರಲಿಲ್ಲ. ಊರಿನಲ್ಲಿ ಖೋಲಾ ಅವರ ಸೋದರತ್ತೆಯ ಮಗ ತುರ್ಗುನ್ ಇನ್ನೂ ಬದುಕಿದ್ದರು, ಎಂಬತ್ತು ದಾಟಿದವರು. ಅದೇ ವಾರದ ಭಾನುವಾರ ನನ್ನನ್ನೂ ಕೂರಿಸಿಕೊಂಡು ವಿಡಿಯೋ ಕಾಲ್ ಹಚ್ಚಿದಳು. ಪರದೆಯಲ್ಲಿ ಮೊದಲು ಒಂದು ಕಿವಿ, ಆಮೇಲೆ ಗಡ್ಡ, ಆಮೇಲೆ ಪೂರ್ತಿ ಮುಖ ಕಾಣಿಸಿತು. ಖೋಲಾ ನೇರವಾಗಿ ಕೇಳಿದರು. ಮುದುಕರು ಬೈಯತೊಡಗಿದರು.

"ಕತ್ತೆ! ಅರವತ್ತು ವರ್ಷ ಕೇಳದೆ ಕೂತಿದ್ದೆಯಾ? ನಮಾಜು ಆಯಿತು. ಗೋದಾಮಿನಲ್ಲಿ, ಹತ್ತಿ ಮೂಟೆಗಳ ಮಧ್ಯೆ. ನಾನೇ ನಿಂತಿದ್ದೆ. ಬೀಗದ ಕೈ ತಂದುಕೊಟ್ಟದ್ದು ಯಾರು ಅಂದುಕೊಂಡೆ? ಶಾಲೆ ಮಕ್ಕಳು ಹತ್ತಿ ಬಿಡಿಸುವ ಬುಟ್ಟಿಗಳು ಒಳಗಿವೆ ಅಂತ ಹೇಳಿ ಗೋದಾಮಿನವರ ಹತ್ತಿರ ನಿಮ್ಮಪ್ಪನೇ ಇಸ್ಕೊಂಡ."

"ಮತ್ತೆ ಅವರು ಅಲ್ಲಿ ನಗುತ್ತಿದ್ದರಲ್ಲ."

"ನಗದೆ? ಆ ಮನುಷ್ಯ ಎದ್ದು ಹೊರಗೆ ಬಂದಿದ್ದರೆ ನಾವೆಲ್ಲ ಜೈಲಿಗೆ. ಅವನ ತಟ್ಟೆ ಖಾಲಿಯಾಗದ ಹಾಗೆ ನೋಡಿಕೋ ಅಂತ ಹಿರಿಯರೇ ನಿಮ್ಮಪ್ಪನಿಗೆ ಹೇಳಿದ್ದು. ನಾವು ನಮಾಜಿಗೆ ನಿಲ್ಲಲಿ ಅಂತ ನಿಮ್ಮಪ್ಪ ನಿಲ್ಲಲಿಲ್ಲ."

"ನನಗೆ ಯಾಕೆ ಹೇಳಲಿಲ್ಲ?"

"ನಿನಗೆ ಒಂಬತ್ತು. ಮನೆಯಲ್ಲಿ ಯಾರು ನಮಾಜು ಮಾಡ್ತಾರೆ ಅಂತ ಶಾಲೆಯಲ್ಲಿ ಮಕ್ಕಳನ್ನು ಕೇಳುತ್ತಿದ್ದವನೇ ನಿಮ್ಮಪ್ಪ. ಮಕ್ಕಳ ಬಾಯಿ ಎಂಥದ್ದು ಅಂತ ಅವನಿಗೆ ಗೊತ್ತಿರಲಿಲ್ಲವಾ? ದೊಡ್ಡವಳಾದ ಮೇಲೆ ನೀನು ಮಾತೇ ಬಿಟ್ಟೆ."

ಖೋಲಾ ಮೇಜಿನ ಬಟ್ಟೆಯ ಮಡಿಕೆಯನ್ನು ಬೆರಳಿನಿಂದ ನೇರಮಾಡುತ್ತಿದ್ದರು. "ಎಷ್ಟು ಸಾಲು?" ಎಂದರು.

"ಮೂರು."

ಜನಾಜಾ ನಮಾಜಿಗೆ, ಅಂದರೆ ಹೆಣದ ಮುಂದಿನ ಪ್ರಾರ್ಥನೆಗೆ, ಮೂರು ಸಾಲು ನಿಂತರೆ ಹೋದವರಿಗೆ ಒಳ್ಳೆಯದು ಎಂದು ಅವರಲ್ಲಿ ನಂಬುತ್ತಾರಂತೆ, ನಿಗೋರಾ ಪಿಸುಗುಟ್ಟಿದಳು. ಖೋಲಾ ಉಸಿರು ಬಿಟ್ಟರು. ಅಷ್ಟು ಉದ್ದದ ಉಸಿರನ್ನು ಅಷ್ಟು ಸಣ್ಣ ದೇಹ ಎಲ್ಲಿ ಇಟ್ಟುಕೊಂಡಿತ್ತೋ. ಕುರ್ಚಿಗೆ ಒರಗಿ, ಕಣ್ಣು ಮುಚ್ಚಿ ಕೂತರು. ಆಮೇಲೆ ತುರ್ಗುನ್ ಅವರಿಗೆ, ಅವರ ಕತ್ತೆ ಎಂಬ ಮಾತಿಗೆ ಉತ್ತರವಾಗಿ, ನಿಗೋರಾ ನನಗೆ ಅನುವಾದಿಸದ ಎರಡು ಮಾತು ಹೇಳಿದರು. ಪರದೆಯ ಆಚೆ ಮುದುಕರು ಹಲ್ಲಿಲ್ಲದ ಬಾಯಿಯಿಂದ ಗಹಗಹಿಸಿದರು.

ನೋಡಿ, ನನ್ನ ಹಳೆಯ ಲೆಕ್ಕದಲ್ಲಿ ಇದು ಇನ್ನೂ ಒಬ್ಬರೇ ಸಾಕ್ಷಿಯ ವರದಿ. ಅಂದು ಜರ್ದಾಳು ಮರ ಹೂ ಬಿಟ್ಟಿತ್ತು ಎಂದು ತುರ್ಗುನ್, ಹಿಮ ಬಿದ್ದಿತ್ತು ಎಂದು ಖೋಲಾ. ಇಬ್ಬರ ನೆನಪಿನಲ್ಲಿ ಋತುವೇ ಬೇರೆ. ಪತ್ರಿಕೆಯಲ್ಲಾಗಿದ್ದರೆ ಮೂರು ಸಾಲಿನ ಮುಂದೆ "ಎನ್ನಲಾಗಿದೆ" ಎಂದು ಸೇರಿಸುತ್ತಿದ್ದೆ. ಇಲ್ಲಿ ಸೇರಿಸಿಲ್ಲ. ಮೂರು ಸಾಲು.

ಮರುವಾರ ಬಂದದ್ದೇ ಆ ವಾಸನೆ. ನಾವು ಮಾಂಸ ತಿನ್ನುವವರಲ್ಲ. ಖೋಲಾ ನಮಗಾಗಿ ಕಾಬೂಲಿ ಕಡಲೆ ಹಾಕಿ ಬೇರೆ ಪಾತ್ರೆಯಲ್ಲಿ ಮಾಡಿದ್ದರು. ಮೊದಲ ತುತ್ತು ಅವರೇ ತಿಂದರು. ಎರಡನೆಯದು ತಿನ್ನುವ ಮುಂಚೆ ಸ್ವಲ್ಪ ತಡೆದರು. "ಉಪ್ಪು ಕಡಿಮೆ" ಎಂದರು.

ಮೇ ತಿಂಗಳಲ್ಲಿ ಅವರು ತಾಷ್ಕೆಂಟಿನ ವಿಮಾನ ಹತ್ತಿದರು. ನಿನ್ನೆ ಸಂಜೆ ನಿಗೋರಾಳ ಮೆಸೇಜು ಬಂದಿದೆ: ಅಮ್ಮ ಬೆಳಿಗ್ಗೆ ತುರ್ಗುನ್ ಮಾಮನ ಜೊತೆ ಅಜ್ಜನ ಸಮಾಧಿಗೆ ಹೋಗಿದ್ದರು. ಮಾಮನನ್ನು ಗೇಟಿನ ಹತ್ತಿರ ಕೂರಿಸಿ, ಒಬ್ಬರೇ ಒಳಗೆ ಹೋದರು. ನಲವತ್ತು ನಿಮಿಷ ಇದ್ದರು.