ಅಜ್ಜಂಪುರದ ಗ್ಯಾಂಗು ಹಾರೆ ಹಿಡಿದ ಭಾನುವಾರ

ಕಾರ್ತಿಕ ಮಾಸದ ಒಂದು ಭಾನುವಾರ, ಬೆಳಿಗ್ಗೆ ಎಂಟು ಗಂಟೆ. ಸ್ಥಳ, ಅಜ್ಜಂಪುರ ನಿಲ್ದಾಣದಾಚೆಯ ಬೇವಿನ ಮರ. ಹಾಜರಿದ್ದವರು: ಹಳಿ ದುರಸ್ತಿಯ ಗ್ಯಾಂಗಿನ ಹನ್ನೆರಡು ಆಳು, ಕೆಲಸ ಕಳೆದುಕೊಂಡಿದ್ದ ಅವರ ಮೇಸ್ತ್ರಿ, ಆಗತಾನೇ ಹುಬ್ಬಳ್ಳಿ ಕಡೆಯ ಗಾಡಿಯಿಂದ ಇಳಿದಿದ್ದ, ದೇಶದ ಕಾರ್ಮಿಕ ಸಂಘಗಳೆಲ್ಲ ಸೇರಿದ ಒಕ್ಕೂಟದ ಅಧ್ಯಕ್ಷರು, ಮತ್ತು ನಾನು, ನಿಲ್ದಾಣದಲ್ಲಿ ತಂತಿ ಸುದ್ದಿ ಕಳಿಸುವ ತಾರು ಗುಮಾಸ್ತ, ನಮ್ಮ ಪುಟ್ಟ ಸಂಘದ ಕಾರ್ಯದರ್ಶಿ. ಊರೊಳಗೆ ಸಭೆ ಕೂಡದೆಂದು ಅಮಲ್ದಾರರ ಕಚೇರಿಯಿಂದ ಹೇಳಿಕಳಿಸಿದ್ದರಿಂದ ಮರದಡಿ ಸೇರಿದ್ದೆವು.

ವಿಷಯ ಮೇಸ್ತ್ರಿಯದು. ಆ ಗ್ಯಾಂಗಿನಲ್ಲಿ ರೈಲು ಕಂಬಿ ಎತ್ತುವಾಗ ಪ್ರತಿಯೊಬ್ಬನ ಕೈಯೂ ಹಾರೆಯ ಮೇಲೆ ಬಿದ್ದ ನಂತರವೇ ಮೇಸ್ತ್ರಿ ಎತ್ತಲು ಕೂಗು ಹಾಕುವುದು. ಒಬ್ಬನ ಕೈ ತಪ್ಪಿದರೆ ಅವನ ಪಾಲಿನ ಭಾರ ಪಕ್ಕದವನ ಸೊಂಟದ ಮೇಲೆ. ಹಿಂದಿನ ವಾರ ಇಬ್ಬರು ಜ್ವರದಲ್ಲಿ ಮಲಗಿದ್ದರು. ಉಳಿದವರಿಂದಲೇ ಎತ್ತಿಸು ಎಂದು ಇನ್‌ಸ್ಪೆಕ್ಟರ್ ಹೇಳಿದ, ಮೇಸ್ತ್ರಿ ಕೂಗಲಿಲ್ಲ. ಆಜ್ಞೆ ಮೀರಿದನೆಂದು ಕೆಲಸದಿಂದ ತೆಗೆದರು. ರೈಲ್ವೆಯವರ ಮನೆಯನ್ನೂ ಸೋಮವಾರ ಖಾಲಿ ಮಾಡಬೇಕಿತ್ತು.

ಅವನನ್ನು ಮರಳಿ ತೆಗೆದುಕೊಳ್ಳದಿದ್ದರೆ ಕೆಲಸ ನಿಲ್ಲಿಸುವುದಾಗಿ ಕಡೂರು, ತರೀಕೆರೆಯ ಗ್ಯಾಂಗುಗಳು ಮಾತು ಕೊಟ್ಟಾಗಿತ್ತು. ಉಳಿದದ್ದು ಅವನ ಸ್ವಂತ ಗ್ಯಾಂಗು. ಅದೂ ಒಪ್ಪಿದರೆ ಅಧ್ಯಕ್ಷರು ಸಂಜೆಯೊಳಗೆ ಬೆಂಗಳೂರಿನ ಮೇಲಧಿಕಾರಿಗೆ ತಾರು ಕೊಟ್ಟು, ಮರುದಿನ ಅವರೆದುರು ಕೂತು ಮಾತಾಡುವವರಿದ್ದರು.

ಅಧ್ಯಕ್ಷರು ಧಾರವಾಡ ಸೀಮೆಯವರು. ಮುಂಬಯಿಯ ಮಿಲ್ಲಿನಲ್ಲಿ ಮಗ್ಗದ ಮುಂದೆ ನಿಂತು ದುಡಿದು ಮೇಲೆ ಬಂದವರು. ಪೀಠಿಕೆ ಇಲ್ಲದೆ ವಿಷಯ ಹೇಳಿ, ಒಪ್ಪಿದವರು ಕೈ ಎತ್ತಿ ಎಂದರು. ಗಂಟೆ ಹೊಡೆದೊಡನೆ ಏಳುವ, ಗಂಟೆ ಹೊಡೆದೊಡನೆ ಉಣ್ಣುವ ಮಠದ ಶಾಲೆಯಲ್ಲಿ ಬೆಳೆದ ನನಗೆ ಅವರ ರೀತಿ ಹಿಡಿಸಿತು.

"ಹನ್ನೊಂದು ಕೈ ಎದ್ದಾವ. ಠರಾವು ಪಾಸಾತು. ತಾರು ಬರೀರಿ," ಎಂದರು. ನಾನು ಸೀಸದ ಕಡ್ಡಿ ತೆಗೆದು ಬರೆಯತೊಡಗಿದೆ.

ಗ್ಯಾಂಗಿನವರು ಎದ್ದು, ಪಂಚೆಯ ಮಣ್ಣು ಕೊಡವಿ ಮನೆಯ ಕಡೆ ಹೊರಟರು.

"ಯಾಕ್ರಿ, ಎಲ್ಲಿ ಹೊಂಟ್ರಿ?"

ಗ್ಯಾಂಗಿನ ಹಿರಿಯ ನಿಂತ. "ಊಟಕ್ಕೆ ಸ್ವಾಮಿ. ಇಲ್ಲಿನ್ನೇನೈತೆ? ಒಬ್ಬನ ಕೈ ಬೀಳ್ಲಿಲ್ವಲ್ಲ. ಹನ್ನೊಂದು ಕೈಗೆ ಕಂಬಿ ಏಳಲ್ಲ ಕಣ್ರೀ."

"ನೋಡ್ರಿ, ನನ್ನ ಆರಿಸಿದ್ದೂ ಬಹುಮತದಿಂದನ. ಬ್ಯಾಡ ಅಂದವರು ಬೇಕಾದಷ್ಟು ಮಂದಿ ಇದ್ರು."

"ಅದಕ್ಕೇ ಇರ್ಬೇಕು, ನೀವು ಮುಷ್ಕರ ಅಂದಾಗೆಲ್ಲ ಅರ್ಧ ಮಿಲ್ಲು ನಡೀತಾನೇ ಇರ್ತದಂತೆ."

ಎಲ್ಲರೂ ನಕ್ಕರು. ಅಧ್ಯಕ್ಷರ ಮುಖ ಬಿಗಿಯಾಯಿತು. ಆಮೇಲೆ ಅವರೂ ನಕ್ಕು, "ಕೂಡ್ರಿ," ಎಂದು ತಾವೇ ನೆಲದ ಮೇಲೆ ಕೂತರು.

ಕೈ ಎತ್ತದವನು ಕಡ್ಡಿಯಿಂದ ಮಣ್ಣು ಕೆದಕುತ್ತಿದ್ದ. "ಲೇ, ಬಾಯ್ಬಿಡೋ," ಎಂದು ಹಿರಿಯ ಗದರಿದ.

"ಮೇಸ್ತ್ರಿ ಮೇಲೆ ನಂಗೇನು ದ್ವೇಸ್ವಾ? ನನ್ನ ಹೆಂಡ್ರಿಗೆ ದಿನ ತುಂಬೈತೆ. ಕೆಲ್ಸ ನಿಲ್ಸಿದ್ರೆ ನಮ್ಮನ್ನೂ ಮನೆಯಿಂದ ಎಬ್ಬಿಸ್ತಾರೆ. ಬಯಲಲ್ಲಿ ಹೆರಿಗೆ ಮಾಡಿಸ್ಲಾ?"

ಮೇಸ್ತ್ರಿ ತಲೆ ಎತ್ತಿದ. "ನನ್ ದೆಸೆಯಿಂದ ಯಾರೂ ಬೀದಿಗೆ ಬೀಳೋದು ಬ್ಯಾಡ. ಬಿಟ್ಬಿಡಿ ಸ್ವಾಮಿ."

"ನೀವು ಸುಮ್ನಿರ್ರಿ. ಇದು ನಿಮ್ಮೊಬ್ಬರ ಮಾತಲ್ಲ," ಎಂದು ಅಧ್ಯಕ್ಷರು ನನ್ನತ್ತ ತಿರುಗಿದರು. ಮಧ್ಯಾಹ್ನ ತರೀಕೆರೆಯಲ್ಲಿ ಅವರ ಭಾಷಣವಿತ್ತು. "ಬರೂದಿಲ್ಲಂತ ಅಲ್ಲಿಗೆ ತಿಳಿಸ್ರಿ. ಇಲ್ಲಿ ಕೆಲಸ ಮುಗಿದಿಲ್ಲ." ನಾನು ನಿಲ್ದಾಣಕ್ಕೆ ಹೋಗಿ ತಾರು ಕೊಟ್ಟು ಬರುವಷ್ಟರಲ್ಲಿ ಅವರು ಗ್ಯಾಂಗಿನವರೊಡನೆ, ಕೈ ಎತ್ತದ ಆ ಆಳಿನ ಮನೆಯ ಹೊಸ್ತಿಲ ಹೊರಗೆ ನಿಂತಿದ್ದರು. ಬಸುರಿ ಗೋಡೆಗೊರಗಿ ಕೂತಿದ್ದಳು. ಪಕ್ಕದ ಮನೆಯ ಮೇಸ್ತ್ರಿಯ ಹೆಂಡತಿ ಅವಳ ಕಾಲಿಗೆ ಎಣ್ಣೆ ತಿಕ್ಕುತ್ತಿದ್ದಳು.

ಅಧ್ಯಕ್ಷರು ಒಪ್ಪಿಸುವ ಮಾತೇನೂ ಆಡಲಿಲ್ಲ. "ಈ ಮನಿ ಹೋದರ ಎಲ್ಲಿರ್ತೀರಿ ತಾಯಿ?" ಎಂದು ಕೇಳಿದರು, ಅಷ್ಟೆ.

ಬಸುರಿ ಗಂಡನ ಮುಖ ನೋಡಿದಳು. ಉತ್ತರ ಕೊಟ್ಟವಳು ಮೇಸ್ತ್ರಿಯ ಹೆಂಡತಿ. "ಅಂತರಘಟ್ಟೇಲಿ ನಮ್ಮಣ್ಣನ ಮನೆ ಐತೆ. ನಾಳೆ ಹೆಂಗೂ ಗಂಟುಮೂಟೆ ಕಟ್ಕೊಂಡು ಹೊರಟಿದ್ದೀನಿ. ಗಾಡೀಲಿ ಹುಲ್ಲು ಹಾಸಿ ಇವಳನ್ನೂ ಕರ್ಕೊಂಡೋಗ್ತೀನಿ. ಬಾಣಂತನ ನಂದು." ಆಮೇಲೆ ಗಂಡಸರ ಕಡೆ ತಿರುಗಿ, "ಬೆಳಗ್ಗಿಂದ ಮರದ ಕೆಳಗೆ ಕೂತು ಏನ್ ಕಡಿದು ಹಾಕಿದ್ರಿ? ಒಬ್ರಾದ್ರೂ ಇಲ್ಲಿ ಬಂದು ಕೇಳ್ಬಾರ್ದಾ?" ಎಂದಳು.

"ನಾನೇನು ಒಲ್ಲೆ ಅಂದಿದ್ನಾ?" ಎಂದು ಬಸುರಿ ಗಂಡನನ್ನು ಕೇಳಿದಳು. "ಹೋಗಿ ಕೈ ಹಾಕು."

ಅವನು ಸಾಮಾನಿನ ಕೊಠಡಿಗೆ ಹೋಗಿ ಎಲ್ಲಕ್ಕಿಂತ ಉದ್ದದ ಹಾರೆಯನ್ನು ತಾನೇ ಹೊತ್ತು ತಂದ. ಮರದಡಿ ಎಲ್ಲರೂ ಬಂದು ಹಿಡಿದರು. ಅಧ್ಯಕ್ಷರೂ ಕೈ ಚಾಚಿದರು.

"ನೀವು ಬ್ಯಾಡ ಸ್ವಾಮಿ," ಎಂದ ಹಿರಿಯ. "ಕೂಗೋನು ಹಾರೆ ಹಿಡಿಯಲ್ಲ. ಎಲ್ರ ಕೈ ಬಿದ್ದೈತಾ ಅಂತ ನೋಡೋದು ಅವನ ಕೆಲ್ಸ."

ಅಧ್ಯಕ್ಷರು ಕೈ ಹಿಂದೆಗೆದುಕೊಂಡರು. ಹಾರೆಯ ಒಂದು ತುದಿಯಿಂದ ಇನ್ನೊಂದು ತುದಿಗೆ ನಡೆದು ಪ್ರತಿ ಕೈಯನ್ನೂ ನೋಡಿದರು. ಕೈ ಎತ್ತದೆ ಕೂತಿದ್ದವನ ಎದುರು ತುಸು ಹೆಚ್ಚು ಹೊತ್ತು ನಿಂತರು. ಅವನು ಹಿಡಿತ ಬಿಗಿಮಾಡಿದ.

"ಎಲ್ಲಾ ಬಿದ್ದಾವ," ಎಂದರು.

ಮರುದಿನದ ಮಾತುಕತೆ ಫಲಿಸಿ, ಮೇಸ್ತ್ರಿ ರೈಲ್ವೆಯ ಮನೆ ಬಿಡಬೇಕಾಗಲಿಲ್ಲ. ವಾರದೊಳಗೆ ಮತ್ತೆ ಹಳಿಯ ಮೇಲೆ ಅವನ ಕೂಗು ಕೇಳಿಸಿತು. ಮಗುವೂ ಅದೇ ಸಾಲಿನ ಮನೆಯಲ್ಲೇ ಹುಟ್ಟಿತು. ಆದರೆ ಆ ಭಾನುವಾರ ಇದಾವುದೂ ನಮಗೆ ಗೊತ್ತಿರಲಿಲ್ಲ.

ದೀಪ ಹಚ್ಚುವ ಹೊತ್ತಿಗೆ ನಾನು ತಾರಿನ ಮೇಜಿನ ಮುಂದೆ ಕೂತೆ. ಅಧ್ಯಕ್ಷರು ಪಕ್ಕದಲ್ಲಿ ನಿಂತು, ಬೆಳಿಗ್ಗೆ ನಾನು ಬರೆದಿದ್ದ 'ಬಹುಮತದಿಂದ' ಎಂಬ ಮಾತನ್ನು ಹೊಡೆದು ಹಾಕಿ 'ಒಬ್ಬರೂ ಬಿಡದೆ' ಎಂದು ಸೇರಿಸಿದರು. ಕಳಿಸಿದೆ. ಮುಟ್ಟಿತೆಂದು ಬೆಂಗಳೂರಿನಿಂದ ಸದ್ದು ಬಂತು. ವೇಳೆ ಗುರುತು ಹಾಕಿ, ಯಂತ್ರದ ಮೇಲೆ ಬಟ್ಟೆ ಮುಚ್ಚಿದೆ.